ಹೊಸ್ತಿಲು ಇಳಿದ ದಿನ

ನಮ್ಮೂರಿನಲ್ಲಿ ಬ್ಯಾಂಕಿನವರು ಸಾಲಗಾರರ ಮನೆ ಮುಂದೆ ನಿಂತು ಬಾಯಿ ಮಾಡುವುದಿಲ್ಲ. ಅವರಿಗೆ ಅದರ ದರ್ದೇ ಇಲ್ಲ. ಮನೆ ಅಡ ಇಟ್ಟು ಸಾಲ ತಂದವರು ಮೂರು ಕಂತು ತಪ್ಪಿಸಿದರೆ ಪೇಪರಿನಲ್ಲಿ ಒಂದು ನೋಟೀಸು ಹಾಕಿಸುತ್ತಾರೆ, ಅಷ್ಟೇ. ಪೇಪರು ಬಂದ ಬೆಳಗ್ಗೆ ಆ ಮನೆಯ ಹೊಸ್ತಿಲು ತಾನಾಗಿಯೇ ಮೇಲೇಳುತ್ತದೆ, ಬಾಕಿ ಬಿದ್ದ ಒಂದೊಂದು ಕಂತಿಗೆ ನಾಲ್ಕು ನಾಲ್ಕು ಬೆರಳು. ಆಮೇಲೆ ತಿಂಗಳು ತಿಂಗಳೂ ಏರುತ್ತ ಹೋಗಿ ಬಾಗಿಲ ಮೇಲಿನ ತೊಲೆಗೆ ಮುಟ್ಟಿತೆಂದರೆ ಒಳಗೆ ಹೋಗುವ ದಾರಿ ಮುಚ್ಚಿತು, ಮನೆ ಬ್ಯಾಂಕಿನದಾಯಿತು.

ಹಿತ್ತಿಲ ಬಾಗಿಲಿಂದ ಹೋಗಬಹುದಲ್ಲ ಎಂದು ಕೇಳುವವರು ಹೊರಗಿನವರು. ಹಿತ್ತಿಲ ಹೊಸ್ತಿಲೂ ಅಷ್ಟೇ ಏರುತ್ತದೆ. ನಮ್ಮ ಯಜಮಾನರು ಮುರಿಗೆಪ್ಪನವರು ಬುದ್ಧಿವಂತರು, ಅಡುಗೆಮನೆ ಗೋಡೆ ಒಡೆಸಿ ಹೊಸ ಬಾಗಿಲು ಇಡಿಸಿದರು. ಬಡಗಿ ಕೂಲಿ ತೆಗೆದುಕೊಂಡು ಬೀದಿ ತಿರುವು ದಾಟುವ ಮೊದಲೇ ಆ ಹೊಸ ಬಾಗಿಲಿನ ಹೊಸ್ತಿಲೂ ಉಳಿದೆರಡರ ಸಮಕ್ಕೆ ಎದ್ದು ನಿಂತಿತ್ತು. ಅಡುಗೆಮನೆಗೆ ಗಾಳಿ ಚೆನ್ನಾಗಿ ಬರತೊಡಗಿತು, ಬಂದ ಲಾಭ ಅದೊಂದೇ.

ಊರು ಇದಕ್ಕೆ ಹೊಂದಿಕೊಂಡಿದೆ. ಮದುವೆ ಮಾತುಕತೆಗೆ ಬಂದವರು ಮೊದಲು ನೋಡುವುದು ಹೊಸ್ತಿಲನ್ನು, ಆಮೇಲೆ ಹುಡುಗಿಯನ್ನು. ಹಾಲಿನವನು ಮೊಣಕಾಲೆತ್ತರದವರೆಗೆ ಉದ್ರಿ ಕೊಡುತ್ತಾನೆ, ಅದಕ್ಕಿಂತ ಮೇಲಾದರೆ ನಗದು. ಏಣಿ ಮಾಡುವ ಇಬ್ಬರು ಬಡಗಿಗಳು ಮೂರಂತಸ್ತಿನ ಮನೆ ಕಟ್ಟಿಸಿದ್ದಾರೆ, ಅವರ ಹೊಸ್ತಿಲು ಮಾತ್ರ ನೆಲಕ್ಕೆ ಅಂಟಿಕೊಂಡಿದೆ. ನಾವು ಹೆಂಗಸರು ದಿನಾ ಬೆಳಗ್ಗೆ ಹೊಸ್ತಿಲು ತೊಳೆದು ಅರಿಶಿನ ಕುಂಕುಮ ಹಚ್ಚುವುದನ್ನು ಬಿಟ್ಟಿಲ್ಲ. ಸಾಲ ಹೆಚ್ಚಾದಷ್ಟೂ ಬಗ್ಗುವ ಕಷ್ಟ ಕಡಿಮೆಯಾಗುತ್ತದೆ.

ನಮ್ಮದು ಹಿಟ್ಟಿನ ಗಿರಣಿ. ಮನೆಯ ಮುಂದಿನ ಅಂಕಣದಲ್ಲಿ ನಮ್ಮ ಮಾವನವರು ಹಾಕಿದ್ದು. ಎರಕದ ಕಬ್ಬಿಣದ ಒಂದೇ ಮೈ, ನನ್ನ ಭುಜದೆತ್ತರ, ಒಳಗೆ ಎರಡು ಕಲ್ಲು. ಯಜಮಾನರು ಅಂಗಡಿ ಬೀದಿಯಲ್ಲಿ ಲೋಕದ ವಿಚಾರ ಮಾತಾಡುವವರು, ಗಿರಣಿ ನಡೆಸುವವಳು ನಾನು. ಜೋಳ, ಗೋಧಿ, ರಾಗಿ ಏನೇ ತಂದರೂ ಮೊದಲ ಹಿಡಿ ಹಿಟ್ಟನ್ನು ಬೆರಳಲ್ಲಿ ತಿಕ್ಕಿ ನೋಡಿ ಕಲ್ಲು ಬಿಗಿ ಮಾಡುತ್ತೇನೆ. ಹಾಲಮ್ಮನ ಗಿರಣಿ ಹಿಟ್ಟಿನ ರೊಟ್ಟಿ ಹರಿಯುವುದಿಲ್ಲ ಎಂದು ನಾಲ್ಕು ಬೀದಿಯ ಹೆಂಗಸರು ಹೇಳುತ್ತಾರೆ. ಇದು ಜಂಬವಲ್ಲ, ಕೇಳಿ ನೋಡಬಹುದು.

ಇಷ್ಟಿದ್ದವರು ಸುಮ್ಮನಿರಬೇಕಿತ್ತು. ಖಾರದ ಪುಡಿಯಲ್ಲಿ ಲಾಭವಿದೆ ಎಂದು ಯಾರೋ ಇವರ ಕಿವಿಯಲ್ಲಿ ಊದಿದರು. ಮನೆ ಅಡ ಇಟ್ಟು ಮೆಣಸಿನಕಾಯಿ ಕುಟ್ಟುವ ಯಂತ್ರ ತಂದರು. ಮೊದಲ ದಿನವೇ ಬೀದಿಗೆ ಬೀದಿಯೇ ಸೀನಿತು. ಎರಡನೆಯ ವಾರ ಎದುರುಮನೆಯ ಬಾಣಂತಿಯ ಕೂಸು ಸೀನಿ ಸೀನಿ ನೀಲಿಗಟ್ಟಿತೆಂದು ಹದಿನೆಂಟು ಜನ ಸಹಿ ಹಾಕಿ ಪುರಸಭೆಗೆ ಅರ್ಜಿ ಕೊಟ್ಟರು. ಯಂತ್ರ ನಿಂತಿತು, ಗುಜರಿಗೆ ಹೋಯಿತು. ಸಾಲ ಗುಜರಿಗೆ ಹೋಗುವುದಿಲ್ಲ. ಗಿರಣಿಯೊಂದು ಅಡಮಾನಕ್ಕೆ ಸೇರಿರಲಿಲ್ಲ, ಹಳೇ ಕಬ್ಬಿಣಕ್ಕೆ ಬೆಲೆ ಇಲ್ಲವೆಂದು ಬ್ಯಾಂಕಿನವರೇ ಕಾಗದದಲ್ಲಿ ಬಿಟ್ಟಿದ್ದರು.

ಆರು ಕಂತು ಬಾಕಿಯಾದಾಗ ಹೊಸ್ತಿಲು ಮೊಣಕಾಲಿಗೆ ಬಂತು. ಜೋಳದ ಚೀಲ ಹೊತ್ತು ಬಂದ ಮುದುಕಿಯರು ಕಾಲೆತ್ತಲಾಗದೆ ನಿಂತರೆ ನಾನೇ ಹೊರಗೆ ಕೈಚಾಚಿ ಎಳೆದುಕೊಳ್ಳುತ್ತಿದ್ದೆ. ಅದಕ್ಕೂ ಅತ್ತೆಯ ತಕರಾರು, ಹೊಸ್ತಿಲ ಆಚೆಗೊಬ್ಬರು ಈಚೆಗೊಬ್ಬರು ನಿಂತು ಕೊಟ್ಟು ತಗೊಳ್ಳಬಾರದಂತೆ. ನಮ್ಮತ್ತೆ ಗುರುಸಿದ್ದಮ್ಮನವರು ಶಾಸ್ತ್ರದ ಹೆಂಗಸು. ಯಾವ ವಾರ ಉಗುರು ತೆಗೆಯಬಾರದು, ಯಾವ ಹೊತ್ತಿಗೆ ಕಸ ಹೊರಗೆ ಹಾಕಬಾರದು ಎಲ್ಲ ಬಾಯಿಪಾಠ. ಮಗ ಮನೆ ಅಡ ಇಡಬಾರದು ಅನ್ನುವುದೊಂದು ಆ ಶಾಸ್ತ್ರದಲ್ಲಿ ಇರಲಿಲ್ಲ, ನಮ್ಮ ಗ್ರಹಚಾರ.

ಕೋರ್ಟಿಗೆ ಹೋಗಿ ಎಂದು ಹೇಳಿದವರು ಸಾವ್ಕಾರ್ ಕೊಟ್ರಬಸಪ್ಪನವರು. ಅವರನ್ನು ಕೇಳದೆ ಇನ್ಯಾರನ್ನು ಕೇಳುವುದು. ಅವರ ಕಲ್ಯಾಣ ಮಂಟಪದ ಹೊಸ್ತಿಲು ಎದೆಮಟ್ಟಕ್ಕೆ ಏರಿ ಒಂಬತ್ತು ವರ್ಷವಾಗಿದೆ, ಅಲ್ಲಿಂದ ಒಂದು ಬೆರಳು ಅಲುಗಿಲ್ಲ. ಕೋರ್ಟಿನ ತಡೆಯಾಜ್ಞೆ. ಮಂಟಪ ಮುಚ್ಚಿದರೆ ಊರಿನ ಮದುವೆಗಳು ನಿಲ್ಲುತ್ತವೆ, ಹೆಣ್ಣುಮಕ್ಕಳ ಬಾಳಿನ ಪ್ರಶ್ನೆ ಎಂದು ಅವರ ವಕೀಲರು ಕಣ್ಣೀರು ಹಾಕಿ ವಾದಿಸಿದರಂತೆ, ಮಧ್ಯಾಹ್ನದೊಳಗೆ ಆದೇಶ ಸಿಕ್ಕಿತಂತೆ. ಆಮೇಲೆ ಬ್ಯಾಂಕಿನವರೇ ಹಾರ ಹಿಡಿದು ಬಂದು ಅರ್ಧ ಸಾಲ ಬಿಟ್ಟು ಉಳಿದರ್ಧಕ್ಕೆ ಕಂತು ಮಾಡಿಕೊಟ್ಟರು. ಆ ಕಂತೂ ತಪ್ಪಿತು, ಮತ್ತೆ ತಡೆಯಾಜ್ಞೆ ಬಂತು. ಹೊಸ್ತಿಲಿನ ಒಳಗೂ ಹೊರಗೂ ಗ್ರಾನೈಟಿನ ಇಳಿಜಾರು ಕಟ್ಟಿಸಿದ್ದಾರೆ, ಮದುಮಗನ ಕಾರು ಸೀದಾ ಮಂಟಪದೊಳಕ್ಕೇ ಹೋಗುತ್ತದೆ. ನೋಡಿದವರು ಹೊಸ ಮಾದರಿ ಎಂದು ಹೊಗಳುತ್ತಾರೆ. ಅದನ್ನು ನೋಡಿ ನಾನೂ ಬಾಗಿಲ ಮುಂದೆ ನಾಲ್ಕು ಬುಟ್ಟಿ ಮಣ್ಣು ಸುರಿಸಿ ಇಳಿಜಾರು ಮಾಡಿಸಿದೆ. ಬೀದಿ ಒತ್ತುವರಿ ಎಂದು ಪುರಸಭೆಯವರು ಮಣ್ಣನ್ನೂ ಹೊತ್ತುಕೊಂಡು ಹೋದರು, ದಂಡವನ್ನೂ ಹಾಕಿದರು.

ವಕೀಲರು ಪಂಚಾಕ್ಷರಿಯವರು. ಒಳ್ಳೆಯ ಮಾತುಗಾರರು, ಕಕ್ಷಿದಾರರ ಹತ್ತಿರ. ದೊಡ್ಡ ಕೋರ್ಟಿಗೇ ಹೋಗೋಣ, ಒಂದೇ ಏಟಿಗೆ ಎರಡು ತುಂಡು ಎಂದು ಕರೆದುಕೊಂಡು ಹೋದರು. ಒಂದೂವರೆ ತಿಂಗಳು ಅಲೆದ ಮೇಲೆ ದೊಡ್ಡ ಕೋರ್ಟಿನ ಸಾಹೇಬರು ನಮ್ಮ ಕಾಗದವನ್ನು ಎತ್ತಿ ನೋಡಿ, ಇಂಥದ್ದಕ್ಕೆಂದೇ ಬೇರೆ ನ್ಯಾಯಮಂಡಳಿ ಇದೆಯಲ್ಲ, ಅಲ್ಲಿಗೆ ಹೋಗದೆ ಇಲ್ಲಿಗೇಕೆ ಬಂದಿರಿ ಎಂದು ಕೇಳಿದರು. ನ್ಯಾಯವಾದ ಪ್ರಶ್ನೆ. ಪಂಚಾಕ್ಷರಿಯವರು ನನ್ನ ಮುಖ ನೋಡಿದರು, ನಾನೇ ಹಠ ಮಾಡಿ ಅವರನ್ನು ಎಳೆತಂದಂತೆ. ಹೊರಗೆ ಬಂದು, ದೊಡ್ಡ ಕೋರ್ಟು ನಮ್ಮ ಅರ್ಜಿ ವಜಾ ಮಾಡಿಲ್ಲ, ಸರಿಯಾದ ದಾರಿ ತೋರಿಸಿದೆ, ಅರ್ಧ ಗೆದ್ದ ಹಾಗೆ ಎಂದರು. ಗೆದ್ದ ಅರ್ಧಕ್ಕೆ ಫೀಸು ಕೊಟ್ಟೆ.

ನ್ಯಾಯಮಂಡಳಿಗೆ ಹೋದರೆ ಅಲ್ಲಿ ಕಟ್ಟಡವಿತ್ತು, ಜವಾನನಿದ್ದ, ಫ್ಯಾನು ತಿರುಗುತ್ತಿತ್ತು, ನ್ಯಾಯಾಧೀಶರ ಕುರ್ಚಿ ಖಾಲಿಯಿತ್ತು. ಹಿಂದಿನವರು ನಿವೃತ್ತರಾಗಿದ್ದರು, ಹೊಸಬರ ನೇಮಕ ಆಗಿರಲಿಲ್ಲ. ಆರು ತಿಂಗಳು ನಾನು ಆ ಖಾಲಿ ಕುರ್ಚಿಯ ಮುಂದೆ ಹಾಜರಿ ಹಾಕಿದೆ. ಹೊಸ್ತಿಲಿಗೆ ಮಾತ್ರ ನಿವೃತ್ತಿಯಿಲ್ಲ, ರಜೆಯಿಲ್ಲ, ತಿಂಗಳು ತಿಂಗಳೂ ನಾಲ್ಕು ಬೆರಳು ಏರಿ ನನ್ನ ಸೊಂಟ ದಾಟಿತು. ಗಿರಾಕಿಗಳು ಚೀಲವನ್ನು ಹೊರಗಿನಿಂದ ಒಳಕ್ಕೆ ಉರುಳಿಸುತ್ತಿದ್ದರು, ನಾನು ಹಿಟ್ಟು ಮಾಡಿ ಹೊರಕ್ಕೆ ಉರುಳಿಸುತ್ತಿದ್ದೆ. ಮುದುಕಿಯರು ಬೇರೆ ಗಿರಣಿ ಹಿಡಿದರು. ದಿನಕ್ಕೆ ಮೂವತ್ತು ಚೀಲ ಬೀಸುತ್ತಿದ್ದ ಗಿರಣಿ ಎಂಟಕ್ಕೆ ಬಂತು.

ಕೊನೆಗೂ ಕುರ್ಚಿಗೆ ಒಬ್ಬರು ಬಂದರು. ನಮ್ಮ ಕಷ್ಟವನ್ನು ಸಹನೆಯಿಂದ ಕೇಳಿ, ಬಾಕಿಯ ಕಾಲು ಭಾಗವನ್ನು ಠೇವಣಿ ಇಟ್ಟರೆ ಮೂರು ವಾರ ತಡೆಯಾಜ್ಞೆ ಕೊಡುತ್ತೇನೆ ಎಂದರು. ಅಷ್ಟು ಹಣವಿದ್ದರೆ ಇಲ್ಲಿಗೇಕೆ ಬರುತ್ತಿದ್ದೆ ಸ್ವಾಮಿ ಎಂದು ಬಾಯಿಗೆ ಬಂತು, ನುಂಗಿಕೊಂಡೆ. ನನ್ನ ಗುಂಡಿನ ಸರ, ಅತ್ತೆಯ ಬಳೆ ಎರಡೂ ಹೋದವು. ಕಟ್ಟಿದ ಮಾರನೆಯ ದಿನದಿಂದ ಹೊಸ್ತಿಲು ನಿಂತಿತು. ನಿಜಕ್ಕೂ ನಿಂತಿತು. ನಾನು ದಿನಾ ಬೆಳಗ್ಗೆ ಎದ್ದು ಗೇಣು ಹಾಕಿ ಅಳೆದು ಆನಂದ ಪಡುತ್ತಿದ್ದೆ. ಮೂರು ವಾರ ಮುಗಿಯುವಷ್ಟರಲ್ಲಿ ಕೋರ್ಟಿಗೆ ಬೇಸಿಗೆ ರಜೆ ಬಂತು, ತಡೆಯಾಜ್ಞೆ ಮುಂದುವರಿಸುವವರು ಇರಲಿಲ್ಲ. ರಜೆ ಮುಗಿದು ಸಾಹೇಬರು ತಂಪಾಗಿ ವಾಪಸು ಬಂದು ವಿಚಾರಣೆ ಶುರುಮಾಡುವ ಹೊತ್ತಿಗೆ ಹೊಸ್ತಿಲು ನನ್ನ ಕತ್ತಿಗೆ ಬಂದಿತ್ತು. ಏಣಿ ಹತ್ತಿ, ತೊಲೆಗೂ ಹೊಸ್ತಿಲಿಗೂ ನಡುವಿನ ಎರಡು ಗೇಣು ಸಂದಿಯಲ್ಲಿ ನುಸುಳಿ, ಒಳಗಿನ ಏಣಿಯಲ್ಲಿ ಇಳಿಯಬೇಕು. ಅತ್ತೆ ಒಳಗೇ ಉಳಿದರು. ಹೊರಗಿನ ಲೋಕ ಅವರಿಗೆ ಆ ಸಂದಿಯಷ್ಟೇ ಆಯಿತು.

ನನಗೆ ಆಗ ಭಯ ಹತ್ತಿತು, ಮನೆಯದ್ದಲ್ಲ, ಗಿರಣಿಯದು. ಮನೆ ಹೋದರೆ ಬಾಡಿಗೆಗೆ ಒಂದು ಕೋಣೆ ಸಿಗುತ್ತದೆ. ಆದರೆ ಆ ಒಂದೇ ಮೈಯ ಕಬ್ಬಿಣ ಎರಡು ಗೇಣಿನ ಸಂದಿಯಲ್ಲಿ ಹೊರಗೆ ಬರುವುದಿಲ್ಲ. ಬ್ಯಾಂಕಿಗೆ ಬೇಡದ ಗಿರಣಿ ಮನೆಯೊಳಗೇ ಸಿಕ್ಕಿಕೊಂಡು ಮನೆಯ ಜೊತೆಗೇ ಹೋಗುತ್ತದೆ. ಮೊಣಕಾಲೆತ್ತರ ಇದ್ದಾಗಲೇ ಎತ್ತಿಸಿ ಬೇರೆಡೆ ಹಾಕಬೇಕಿತ್ತು. ಆಗ ಮನೆಯೇ ಉಳಿಯುತ್ತದೆಂಬ ಹುಚ್ಚು ನಂಬಿಕೆ. ಗಿರಣಿ ಹೋದರೆ ನಾನು ಯಾರು, ಅಂಗಡಿ ಬೀದಿಯಲ್ಲಿ ಲೋಕ ವಿಚಾರ ಮಾಡುವವರ ಹೆಂಡತಿ, ಅಷ್ಟೇ.

ತೀರ್ಪಿನ ದಿನ ಬೆಳಗ್ಗೆ ಹತ್ತೂವರೆಗೇ ನಮ್ಮ ಹೆಸರು ಕೂಗಿದರು. ಸಾಹೇಬರು ಓದಿದ್ದು ಇಷ್ಟು. ಕಾನೂನಿನ ಪ್ರಕಾರ ನೋಟೀಸನ್ನು ಎರಡು ಪೇಪರಿನಲ್ಲಿ ಹಾಕಿಸಬೇಕು, ಬ್ಯಾಂಕಿನವರು ಒಂದರಲ್ಲಿ ಮಾತ್ರ ಹಾಕಿಸಿದ್ದಾರೆ, ಆದ್ದರಿಂದ ನೋಟೀಸು ಮತ್ತು ಅದರ ಮೇಲೆ ನಡೆದದ್ದೆಲ್ಲ ರದ್ದು. ನಮ್ಮ ಕಷ್ಟ, ಕೂಸು ಸೀನಿದ್ದು, ಸರ ಮಾರಿದ್ದು ಯಾವುದೂ ಲೆಕ್ಕಕ್ಕೆ ಬರಲಿಲ್ಲ. ಬ್ಯಾಂಕಿನವನು ಜಾಹೀರಾತಿನ ದುಡ್ಡು ಉಳಿಸಲು ಹೋಗಿದ್ದೇ ನಮ್ಮ ಪಾಲಿನ ದೇವರಾಯಿತು. ಠೇವಣಿಯ ಹಣ ಬ್ಯಾಂಕಿಗೇ ಹೋಯಿತು. ಅದು ಬಡ್ಡಿ, ಚಕ್ರಬಡ್ಡಿ, ಕೋರ್ಟು ಖರ್ಚು ಎಂದು ಅಲ್ಲಲ್ಲೇ ಇಂಗಿ, ಕಂತಿನ ಲೆಕ್ಕದಲ್ಲಿ ಒಂದು ಬೆರಳೂ ಕಡಿಮೆಯಾಗಲಿಲ್ಲ.

ಪಂಚಾಕ್ಷರಿಯವರು ಕುಣಿಯುವುದೊಂದು ಬಾಕಿ. ಯಜಮಾನರು ಅವರ ಕೈ ಹಿಡಿದು ಅತ್ತೇಬಿಟ್ಟರು. ನಾನು ಆದೇಶದ ಕಾಗದ ಇಸಿದುಕೊಂಡು ಕೊನೆಯ ಸಾಲಿನವರೆಗೆ ಓದಿದೆ. ಕಾಳಿನ ಚೀಲದ ತಳದಲ್ಲಿ ಕಲ್ಲು ಇರುತ್ತದೆಂಬುದು ಗಿರಣಿಯವಳಿಗೆ ಗೊತ್ತಿರಬೇಕಲ್ಲ. ಬ್ಯಾಂಕು ಕಾನೂನಿನ ಪ್ರಕಾರ ಹೊಸದಾಗಿ ಕ್ರಮ ಕೈಗೊಳ್ಳಲು ಸ್ವತಂತ್ರವಾಗಿದೆ ಎಂದಿತ್ತು. ಇದೇನು ಎಂದು ವಕೀಲರಿಗೆ ತೋರಿಸಿದೆ.

"ಅದು ಎಲ್ಲಾ ತೀರ್ಪಿನಲ್ಲೂ ಬರೆಯೋ ರೂಢಿ ಮಾತು ಹಾಲಮ್ಮನೋರೆ. ಗೆದ್ದಿದೀವಿ, ಮನೆಗೆ ಹೋಗಿ ಸಿಹಿ ಮಾಡಿ" ಎಂದರು.

ವರಾಂಡದಲ್ಲಿ ಬ್ಯಾಂಕಿನ ಮ್ಯಾನೇಜರು ಶಾನುಭೋಗರು ನಿಂತಿದ್ದರು. ಸೋತವರ ಹಾಗೆ ಕಾಣುತ್ತಿರಲಿಲ್ಲ, ಹಸಿದವರ ಹಾಗೆ ಕಾಣುತ್ತಿದ್ದರು. ಕೆಟ್ಟ ಮನುಷ್ಯರಲ್ಲ, ಅವರ ಮನೆಯ ಗೋಧಿಯೂ ನನ್ನಲ್ಲಿಗೇ ಬರುತ್ತಿತ್ತು. ಮುಂದೇನು ಸಾರ್ ಎಂದು ನೇರವಾಗಿ ಕೇಳಿದೆ. ಅವರು ಆ ಕಡೆ ಈ ಕಡೆ ನೋಡಿ ತಗ್ಗಿದ ದನಿಯಲ್ಲಿ ಹೇಳಿದರು. "ಜಾಹೀರಾತು ಆಗ್ಲೇ ಕೊಟ್ಟಾಗಿದೆ ಅಮ್ಮ. ನಾಳೆ ಬೆಳಗ್ಗೆ ಎರಡೂ ಪೇಪರಲ್ಲಿ ಬರುತ್ತೆ. ನಾನೇನು ಮಾಡ್ಲಿ, ಮೇಲಿಂದ ಹೇಳ್ತಾರೆ."

ಅಂದರೆ ನಾಳೆ ಬೆಳಗ್ಗೆ ಹದಿನೇಳು ಕಂತಿನ ಹೊಸ್ತಿಲು ಒಟ್ಟಿಗೇ ಎದ್ದು ನಿಲ್ಲುತ್ತದೆ. ಗೆದ್ದವನು ಸೋತ, ಸೋತವನು ಸತ್ತ ಎಂದು ಹಿರಿಯರು ಕೋರ್ಟಿನ ಬಗ್ಗೆ ಹೇಳಿದ್ದು ಸುಳ್ಳಲ್ಲ. ನನ್ನ ಕೈಯಲ್ಲಿದ್ದದ್ದು ಒಂದು ಹಗಲು. ಯಜಮಾನರಿಗೂ ವಕೀಲರಿಗೂ ಹೇಳದೆ ನಾನು ಸೀದಾ ಲಾರಿ ನಿಲ್ದಾಣಕ್ಕೆ ಹೋಗಿ ಎಂಟು ಜನ ಹಮಾಲರಿಗೆ ಮುಂಗಡ ಕೊಟ್ಟು, ಮಧ್ಯಾಹ್ನ ಎರಡು ಗಂಟೆಗೆ ಉರುಳು ಪೈಪು ತೆಗೆದುಕೊಂಡು ಬರಲು ಹೇಳಿದೆ.

ಗಿರಣಿಗೆ ಜಾಗ ಬೇಕಿತ್ತು. ಅಂಗಡಿಯವರ ಹೊಸ್ತಿಲುಗಳನ್ನು ನೋಡುತ್ತ ಪೇಟೆಯಲ್ಲಿ ನಡೆದೆ. ಒಂದು ನಾಲ್ಕು ಬೆರಳು, ಇನ್ನೊಂದು ಗೇಣು, ಮತ್ತೊಂದು ಇವತ್ತೋ ನಾಳೆಯೋ ಅನ್ನುವಂತಿತ್ತು. ಬಾಡಿಗೆಗೆ ಹೋಗಿ ಮಾಲೀಕನ ಸಾಲಕ್ಕೆ ಮತ್ತೆ ಗಿರಣಿ ಸಿಕ್ಕಿಕೊಂಡರೆ ಏನು ಗತಿ. ಊರಿಗೆಲ್ಲ ಅಲುಗದ ಹೊಸ್ತಿಲು ಎಂದರೆ ಒಂದೇ, ಕೊಟ್ರಬಸಪ್ಪನವರ ಮಂಟಪದ್ದು. ಒಂಬತ್ತು ವರ್ಷ ಒಂದು ಬೆರಳು ಏರದ ಜಾಗ ಇನ್ನೆಲ್ಲಿ ಸಿಕ್ಕೀತು. ಗ್ರಾನೈಟಿನ ಇಳಿಜಾರು ಹತ್ತಿ ಹೋಗಿ ಕೇಳಿದೆ. ಮಂಟಪದ ಒಳಗಡೆ ಸಾಲಾಗಿ ಇರುವ ಅಂಗಡಿಗಳಲ್ಲಿ ಮೂಲೆಯದನ್ನು ತೋರಿಸಿದರು. ಆರು ತಿಂಗಳ ಮುಂಗಡ ಕೇಳಿದರು. ಎರಡು ತಿಂಗಳದ್ದು ಕೊಟ್ಟು ಉಳಿದದ್ದಕ್ಕೆ ಕಿವಿಯ ಓಲೆ ಬಿಚ್ಚಿಟ್ಟೆ. ತಡೆಯಾಜ್ಞೆ ಇರೋ ಜಾಗ ತಾಯಿ, ದೇವಸ್ಥಾನದಷ್ಟು ಭದ್ರ ಎಂದು ಅವರೇ ಹರಸಿದರು.

ಮನೆಗೆ ಬಂದರೆ ಬೀದಿಯಲ್ಲಿ ಜನಜಾತ್ರೆ. ಹೊಸ್ತಿಲು ಇಳಿದಿತ್ತು. ನೆಲಕ್ಕೆ ಸಮ, ಮದುವೆಯಾಗಿ ಬಂದ ದಿನ ನಾನು ಸೇರಕ್ಕಿ ಒದ್ದಾಗ ಇದ್ದ ಹಾಗೇ ಇತ್ತು. ನೋಡಿ ನನಗೂ ಕಣ್ಣಲ್ಲಿ ನೀರು ಬಂತು, ಸುಳ್ಳೇಕೆ ಹೇಳಲಿ. ಅತ್ತೆ ಅರಿಶಿನ ಕುಂಕುಮ ಹಚ್ಚಿ, ಮಾವಿನ ತೋರಣ ಕಟ್ಟಿಸಿ, ಎದುರುಮನೆಯವರಿಗೆಲ್ಲ ಸಕ್ಕರೆ ಹಂಚುತ್ತಿದ್ದರು. ಹದಿನೆಂಟು ಸಹಿಯವರೂ ಬಂದು ಸಕ್ಕರೆ ತಿಂದರು.

ಅಷ್ಟರಲ್ಲಿ ಹಮಾಲರು ಬಂದರು. ಸಕ್ಕರೆ ತಿನ್ನುತ್ತಿದ್ದವರು ಬಾಗಿಲಿನಿಂದ ದೂರ ಸರಿದರು.

ನಮ್ಮೂರಿನಲ್ಲಿ ಒಂದು ಕಟ್ಟಳೆ ಇದೆ. ಇಳಿದ ಹೊಸ್ತಿಲನ್ನು ದಾಟಿಸಿ, ಮರುದಿನ ಸೂರ್ಯ ಹುಟ್ಟುವವರೆಗೆ, ಮನೆಯಿಂದ ಒಂದು ಸೂಜಿಯನ್ನೂ ಹೊರಗೆ ಒಯ್ಯಬಾರದು. ಒಯ್ದರೆ ಮನೆಯ ಲಕ್ಷ್ಮಿ ಅದರ ಬೆನ್ನಿಗೇ ಹೊರಟುಹೋಗುತ್ತಾಳೆ. ಹಿಂದೆ ಎಷ್ಟೋ ಮನೆಯವರು ಹೊಸ್ತಿಲು ಇಳಿದ ದಿನ ಸಿಹಿ ತಿಂದು, ಬಾಗಿಲು ತೆರೆದಿಟ್ಟು ನಿದ್ದೆ ಹೋಗಿ, ಬೆಳಗ್ಗೆ ಎರಡು ಪೇಪರು ನೋಡಿದ್ದಾರೆ. ಈ ಕಟ್ಟಳೆಯನ್ನು ಯಾವ ಹಿರಿಯರು ಮಾಡಿದರೋ ನನಗೆ ಗೊತ್ತಿಲ್ಲ. ಬ್ಯಾಂಕಿನ ಹಿರಿಯರೇ ಇರಬೇಕು. ಶಾನುಭೋಗರು ನನಗೆ ಅಷ್ಟು ಧೈರ್ಯವಾಗಿ ನಿಜ ಹೇಳಿದ್ದೂ ಇದೇ ನಂಬಿಕೆಯ ಮೇಲೆ.

ಅತ್ತೆಗೆ ವಿಷಯ ಬಿಡಿಸಿ ಹೇಳಿದೆ, ನಾಳೆಯ ಪೇಪರು, ಹದಿನೇಳು ಕಂತು, ಎಲ್ಲ. ಅವರು ಕೇಳಿಸಿಕೊಂಡರು, ಒಪ್ಪಲಿಲ್ಲ. ನಾಳೆ ಏನಾದರೂ ಆಗಲಿ, ಇವತ್ತು ಲಕ್ಷ್ಮಿ ಒಳಗಿದ್ದಾಳೆ, ನಾನು ಬದುಕಿರುವಾಗ ಕಳಿಸಿಕೊಡುವುದಿಲ್ಲ ಎಂದರು. ಯಜಮಾನರು ತಾಯಿಯ ಮುಖವನ್ನೊಮ್ಮೆ ನನ್ನ ಮುಖವನ್ನೊಮ್ಮೆ ನೋಡಿ, ಎರಡೂ ಕಡೆಯಲ್ಲೂ ನ್ಯಾಯ ಇದೆ ಎಂದು ತೀರ್ಪು ಕೊಟ್ಟರು. ನ್ಯಾಯಮಂಡಳಿಯ ಕುರ್ಚಿ ಖಾಲಿ ಇದ್ದಾಗ ಇವರನ್ನೇ ಕೂರಿಸಬಹುದಿತ್ತು.

ನಾನು ಗಿರಣಿಗೆ ಹಗ್ಗ ಬಿಗಿಸಿದೆ. ಹಮಾಲರು ಪೈಪು ಹಾಕಿ ನೂಕಿದರು. ಮೂವತ್ತೈದು ವರ್ಷ ಒಂದೇ ಕಡೆ ನಿಂತಿದ್ದ ಗಿರಣಿ ನರಳಿ ಅಲುಗಿತು, ಉರುಳುತ್ತ ಬಾಗಿಲ ಹತ್ತಿರ ಬಂತು. ಆಗ ಅತ್ತೆ ಮಾಡಿದ ಕೆಲಸ ಯಾರೂ ಎಣಿಸಿರಲಿಲ್ಲ. ಸೆರಗು ಬಿಗಿದು ಬಂದವರೇ ಆ ಅರಿಶಿನ ಹಚ್ಚಿದ ಹೊಸ್ತಿಲ ಮೇಲೆ ಚಕ್ಕಳಮಕ್ಕಳ ಹಾಕಿ ಕೂತುಬಿಟ್ಟರು. ಹಮಾಲರು ಕೈ ಬಿಟ್ಟರು. ಎಪ್ಪತ್ತೆರಡು ವರ್ಷದ ಹೆಂಗಸಿನ ಮೇಲೆ ಕಬ್ಬಿಣ ಉರುಳಿಸುವುದಕ್ಕೆ ಯಾರಿಗೆ ಮನಸ್ಸು ಬಂದೀತು. ಬಿಸಿಲು ಎದುರುಗೋಡೆಗೆ ಏರುತ್ತಿತ್ತು. ನನಗೆ ಅಳು, ಸಿಟ್ಟು ಎರಡೂ ಒತ್ತರಿಸಿ ಬಂತು, ಒಂದು ಕ್ಷಣ ಅವರನ್ನು ಎತ್ತಿ ಬೀದಿಗೆ ಹಾಕೋಣ ಅನ್ನಿಸಿದ್ದೂ ಹೌದು. ಅವರ ಹತ್ತಿರ ಕುಕ್ಕರಗಾಲಲ್ಲಿ ಕೂತು, ಎಲ್ಲರಿಗೂ ಕೇಳುವ ಹಾಗೆ ಕೇಳಿದೆ.

"ಅತ್ತೆ, ಹೊಸ್ತಿಲ ಮೇಲೆ ಕೂರಬಾರದು, ಕೂತರೆ ಮನೆಗೆ ದರಿದ್ರ ಅಂತ ನಂಗೆ ಇಪ್ಪತ್ತು ವರ್ಷದಿಂದ ಹೇಳಿಕೊಂಡು ಬಂದೋರು ಯಾರು?"

ಅವರ ಮುಖ ಬಿಳಿಚಿಕೊಂಡಿತು. ತಾವು ಎಲ್ಲಿ ಕೂತಿದ್ದೇವೆಂದು ಆಗಲೇ ಹೊಳೆದದ್ದು. ಬೀದಿಯ ಹೆಂಗಸರು ಬಾಯಿಗೆ ಸೆರಗು ಹಿಡಿದರು. ಅತ್ತೆ ಬೆಂಕಿ ಮುಟ್ಟಿದವರಂತೆ ಎದ್ದು, ಹೊಸ್ತಿಲಿಗೆ ಮೂರು ಸಲ ಕೈಮುಗಿದು ಗಲ್ಲ ಬಡಿದುಕೊಂಡರು. ಸೀರೆಯ ಹಿಂದೆಲ್ಲ ಅರಿಶಿನ. ಆ ಮುಜುಗರದಲ್ಲಿ ಅವರು ಒಳಗೆ ಹೋದ ಗಳಿಗೆಯಲ್ಲೇ ನಾನು ಹಮಾಲರಿಗೆ ಕಣ್ಸನ್ನೆ ಮಾಡಿದೆ, ಗಿರಣಿ ಹೊಸ್ತಿಲು ದಾಟಿತು. ಜನ ಹೆಣಕ್ಕೆ ದಾರಿ ಬಿಟ್ಟ ಹಾಗೆ ಬಿಟ್ಟರು. ಕಟ್ಟಳೆ ಮುರಿದ ಮೇಲೆ ಸೂಜಿಯೇನು ಗಿರಣಿಯೇನು, ಸಂಜೆಯೊಳಗೆ ಪಾತ್ರೆ, ಹಾಸಿಗೆ, ದೇವರ ಪೆಟ್ಟಿಗೆ ಎಲ್ಲ ಹೊರಗೆ ಬಂದವು. ಕೊನೆಗೆ ಅತ್ತೆಯೇ ಮಾವನವರ ಫೋಟೋ ಎದೆಗೆ ಒತ್ತಿಕೊಂಡು ಬಂದರು.

ಬೆಳಗ್ಗೆ ಎರಡೂ ಪೇಪರು ಬಂದವು. ನಾನು ನೋಡಲು ಹೋಗಲಿಲ್ಲ. ನೋಡಿದವರು ಹೇಳಿದರು, ಹೊಸ್ತಿಲು ತೋರಣಕ್ಕೆ ಇನ್ನೆರಡು ಗೇಣು ಇರುವವರೆಗೆ ಒಂದೇ ಉಸಿರಿಗೆ ಎದ್ದು ನಿಂತಿತಂತೆ. ಏಳು ತಿಂಗಳಿಗೆ ತೊಲೆ ಮುಟ್ಟಿತು. ಹರಾಜಿನಲ್ಲಿ ಕೂಗಿದವರು ಒಬ್ಬರೇ, ಕೊಟ್ರಬಸಪ್ಪನವರ ಅಳಿಯ. ಕೊಳ್ಳಲು ಅದೇ ಬ್ಯಾಂಕು ಸಾಲ ಕೊಟ್ಟಿತಂತೆ, ಶಾನುಭೋಗರೇ ಗೋಧಿ ಬೀಸಿಸಲು ಬಂದಾಗ ಹೇಳಿ ತಲೆ ಕೆರೆದುಕೊಂಡರು.

ನಾವು ಈಗ ಬಾಡಿಗೆಯ ಒಂದು ಕೋಣೆಯಲ್ಲಿದ್ದೇವೆ, ಗಿರಣಿ ಚೆನ್ನಾಗಿ ನಡೆಯುತ್ತಿದೆ. ಇಳಿಜಾರು ಇರುವುದರಿಂದ ಮುದುಕಿಯರೂ ವಾಪಸು ಬಂದಿದ್ದಾರೆ. ಅಂಗಡಿಯ ಬಾಡಿಗೆ ತಪ್ಪಿಸಿಲ್ಲ. ಹೋದ ತಿಂಗಳು ಅತ್ತೆಗೆ ಜ್ವರ ಬಂದು ಆಸ್ಪತ್ರೆಯೆಂದು ಮೂರು ದಿನ ತಡವಾಯಿತು. ನಾಲ್ಕನೆಯ ದಿನ ಬೆಳಗ್ಗೆ ನಾನು ಬೀಗ ತೆಗೆಯುವ ಮೊದಲೇ ಕೊಟ್ರಬಸಪ್ಪನವರು ಬಾಗಿಲಲ್ಲಿ ನಿಂತಿದ್ದರು, ಕೈಯಲ್ಲಿ ಇನ್ನೊಂದು ಬೀಗ ಹಿಡಿದುಕೊಂಡು. ಸೊಂಟದ ಚೀಲದಿಂದ ಹಣ ತೆಗೆದು ಕೊಟ್ಟೆ. ಎಣಿಸಿದರು, ಮೂರು ದಿನದ ಬಡ್ಡಿ ಕೇಳಿದರು, ಅದನ್ನೂ ಕೊಟ್ಟೆ. ಆಮೇಲೆ ಬೀಗವನ್ನು ಜೇಬಿಗೆ ಹಾಕಿಕೊಂಡು, ನಿಜವಾದ ಬೇಸರದಿಂದಲೇ ಹೇಳಿದರು.

"ತಪ್ಪು ತಿಳೀಬೇಡ ತಾಯಿ. ಕೊಡೋದನ್ನ ಹೇಳಿದ ದಿನಕ್ಕೆ ಕೊಟ್ಟುಬಿಡಬೇಕು. ಎಲ್ಲರೂ ನಿನ್ನ ಹಾಗೆ ತಡ ಮಾಡಿದ್ರೆ ಊರು ನಡೆಯೋದು ಹೆಂಗೆ?"

ಇನ್ನೂ ಏನೇನೋ ಹೇಳುವವರಿದ್ದರು. ನಾನು ಒಳಗೆ ಹೋಗಿ ಮೋಟಾರು ಹಾಕಿ, ಜೋಳ ಸುರಿದೆ. ಅವರ ತುಟಿ ಬಹಳ ಹೊತ್ತು ಆಡುತ್ತಿತ್ತು. ಹಿಟ್ಟು ಹಾರಿ ಅವರ ಬಿಳೀ ಅಂಗಿಯ ಮೇಲೆ ಕೂರುತ್ತಿತ್ತು. ನಾನು ಮೊದಲ ಹಿಡಿಯನ್ನು ಬೆರಳಲ್ಲಿ ತಿಕ್ಕಿ ನೋಡಿ ಕಲ್ಲನ್ನು ಇನ್ನೊಂದು ಸುತ್ತು ಬಿಗಿ ಮಾಡಿದೆ.